ಎರಡು ಗೋಲಿನ ಮರ್ಯಾದೆ

ಕಾಲೇಜು ಫುಟ್‌ಬಾಲಿನಲ್ಲಿ ಗೆದ್ದವರಿಗೇ ಕಪ್ ಕೊಡುವ ಪದ್ಧತಿ ಎಂದೋ ಹೋಗಿತ್ತು. ಬಲವಾದ ತಂಡ ಎಷ್ಟು ಗೋಲಿನಿಂದ ಗೆಲ್ಲಬೇಕೆಂದು ಬಾಜಿಯ ಲೆಕ್ಕ ಹಾಕುವ ಯಂತ್ರ ಫಲಕದ ಮೇಲೆ ಮೊದಲೇ ಸಾರುತ್ತಿತ್ತು. ಅಷ್ಟು ಅಂತರದಿಂದ ಗೆಲ್ಲದಿದ್ದರೆ ಕಪ್ಪೂ ಬಾಜಿಯೂ ಬಡಪಾಯಿ ತಂಡದ ಪಾಲು.

ಬೆಳಗಾವಿಯ ಕೋಚ್ ಮಡಿವಾಳಪ್ಪನವರು ದೊಡ್ಡವರಾದದ್ದೇ ಹೀಗೆ. ಹನ್ನೊಂದು ಹುಡುಗರನ್ನೂ ಗೋಲಿನ ಮುಂದೆ ಗೋಡೆಯಂತೆ ನಿಲ್ಲಿಸಿ, ಆರರಿಂದ ಸೋಲಬೇಕಾದಲ್ಲಿ ಐದರಿಂದ ಸೋತು, ವರ್ಷವರ್ಷವೂ ಮೆರವಣಿಗೆ ಮಾಡಿಸಿಕೊಂಡಿದ್ದರು.

ಈ ಸಲ ಫಲಕವನ್ನು ಅವರು ಎರಡೆರಡು ಸಲ ಓದಿದರು. ಇಷ್ಟು ಕಪ್ ಗೆದ್ದವರೇ ಬಲವಾದವರೆಂದು ಯಂತ್ರ ತೀರ್ಮಾನಿಸಿತ್ತು: ಅವರ ತಂಡ ಎರಡು ಗೋಲಿನಿಂದ ಗೆಲ್ಲಬೇಕು. ಫಲಕ ನೋಡುವ ಮೊದಲೇ ಅವರು ತಮ್ಮ ತಂಡದ ಮೇಲೆ ಹೊಸ ಸ್ಕೂಟರನ್ನು ಬಾಜಿ ಕಟ್ಟಿಯಾಗಿತ್ತು.

"ಸರ, ಗೋಲ್ ಹೊಡಿಯೂದು ಹ್ಯಾಂಗ್ರಿ?" ನಾಯಕ ಗುರುಪಾದ ಕೇಳಿದ.

"ಇಷ್ಟು ವರ್ಷ ಅವರು ನಮಗ ಹೊಡಿಯೂದು ನೋಡಿಲ್ಲೇನೋ?"

"ಕಣ್ಣ ಮುಚ್ಚಿಕೊಂಡ ನಿಂತಿರ್ತಿದ್ವಿ ರೀ ಸರ."

ಸೀಟಿ ಕೂಗಿತು. ಹುಡುಗರು ರೂಢಿಯಂತೆ ತಮ್ಮ ಗೋಲಿಗೆ ಓಡಿದರು. ಈಗ ಬಡಪಾಯಿಗಳಾಗಿದ್ದ ಎದುರಾಳಿಗಳೂ ತಮ್ಮ ಗೋಲಿಗೆ ಓಡಿದರು. ಪಂದ್ಯ ಮುಗಿಯುವವರೆಗೂ ಚೆಂಡು ಮೈದಾನದ ನಡುವೆ ಒಂಟಿಯಾಗಿ ಕೂತಿತ್ತು.

ಅಂದು ಒಂದೂ ಗೋಲು ಬಿಟ್ಟುಕೊಡದೆ ಮಡಿವಾಳಪ್ಪನವರು ಮೊದಲ ಸಲ ಸೋತರು, ನಡೆದುಕೊಂಡೇ ಮನೆಗೆ ಹೋದರು.