ಐದು ಹೊಡೆಯುವವರೆಗೆ ಮಾತ್ರ

"ಎಲ್ಲಾ ಸರಿ ಇದೆ. ಅನುಭವದ ಪತ್ರ ಎಲ್ಲಿದೆಯಮ್ಮ?"

ಸೂಪರಿಂಟೆಂಡೆಂಟರು ಅರ್ಜಿಯನ್ನು ಹಿಂದೆ ಮುಂದೆ ತಿರುಗಿಸಿ ನೋಡಿದರು. ಅಂಗಳದಾಚೆಯ ಗೋಪುರದ ಗಡಿಯಾರಕ್ಕೆ ಕೀ ಕೊಡುವ ಹುದ್ದೆ. ಇರುವುದು ಒಂದೇ. ಅಂಥದೇ ಗಡಿಯಾರದ ಕೆಲಸದಲ್ಲಿ ಮೂರು ವರ್ಷದ ಅನುಭವ ಕಡ್ಡಾಯ. ಅರ್ಜಿಗೆ ಇವತ್ತೇ ಕಡೆಯ ದಿನ, ಅದೂ ಗೋಪುರದಲ್ಲಿ ಐದು ಹೊಡೆಯುವವರೆಗೆ ಮಾತ್ರ.

"ಪತ್ರ ಕೊಡಬೇಕಾದವರು ನೀವೇ ಸಾರ್. ಅಪ್ಪ ಹೋದಮೇಲೆ ಒಂಬತ್ತು ವರ್ಷದಿಂದ ಪ್ರತಿ ಸೋಮವಾರ ನಾಲ್ಕು ಗಂಟೆಗೆ ಹತ್ತಿ ಕೀ ಕೊಡ್ತಿರೋಳು ನಾನೇ ಅಲ್ವಾ," ಎಂದಳು ಗಡಿಯಾರದವನ ಮಗಳು.

ಹಳೆಯ ಜವಾನ ಬೀರುವಿನಿಂದ ಕಡತ ತಂದಿಟ್ಟ. ಸೂಪರಿಂಟೆಂಡೆಂಟರು ಬೆರಳಿಟ್ಟು ಓದಿದರು: "ಕೀ ಕೊಡುವವರು ನಿಧನರಾದ್ದರಿಂದ ಹುದ್ದೆ ಖಾಲಿ. ಹುದ್ದೆ ಖಾಲಿಯಾದ್ದರಿಂದ ಗಡಿಯಾರ ಸ್ಥಗಿತ."

ಅಷ್ಟರಲ್ಲಿ ಸ್ಥಗಿತವಾದ ಗಡಿಯಾರ ಮೂರು ಹೊಡೆಯಿತು.

"ಕೇಳಿಸ್ತಲ್ಲ ಸಾರ್?"

"ಕಿವಿ ಬೇರೆ, ಕಡತ ಬೇರೆ. ನೀನು ಕೀ ಕೊಟ್ಟೆ ಅಂತ ನಾನು ಬರೆದರೆ, ಹೊರಗಿನವಳನ್ನ ಒಂಬತ್ತು ವರ್ಷ ಗೋಪುರಕ್ಕೆ ಬಿಟ್ಟವರು ಯಾರು ಅಂತ ನನ್ನ ಕುತ್ತಿಗೆಗೇ ಬರುತ್ತೆ. ಅದು ಅನುಭವ ಅಲ್ಲಮ್ಮ, ಅತಿಕ್ರಮ ಪ್ರವೇಶ."

ಅವಳು ಜಡ್ಡುಗಟ್ಟಿದ ಅಂಗೈಯನ್ನು ಮೇಜಿನ ಮೇಲೆ ಬಿಡಿಸಿಟ್ಟಳು. "ಮುಂದಿನ ತಿಂಗಳಿಗೆ ನನ್ನ ವಯಸ್ಸು ಮೀರುತ್ತೆ ಸಾರ್. ಇದು ಬಿಟ್ಟರೆ ಇನ್ನಿಲ್ಲ."

"ಅಂಗೈಗೆ ಸೀಲು ಹೊಡೆಯೋಕಾಗುತ್ತಾ?" ಎಂದು ಅವರು ಬೇರೆ ಅರ್ಜಿಗಳತ್ತ ತಿರುಗಿದರು. ಅವಳು ಅಲ್ಲೇ ಬೆಂಚಿನ ಮೇಲೆ ಕುಳಿತಳು.

ನಾಲ್ಕು ಹೊಡೆದಾಗ ಅವಳ ಕಾಲು ತಾನಾಗಿಯೇ ಎದ್ದಿತು. ಬಾಗಿಲ ಹಿಂದೆ ತೂಗುಹಾಕಿದ್ದ, ಕೀ ತಿರುಗಿಸುವ ಕಬ್ಬಿಣದ ಹಿಡಿಗೆ ಅವಳು ಕೈ ಚಾಚಿದಳು.

"ಎಲ್ಲಿಗೆ?"

"ಸೋಮವಾರ ಸಾರ್. ಗಡಿಯಾರ ನಡೆಸೋ ತೂಕದ ಗುಂಡು ನೆಲ ಮುಟ್ಟೋಕೆ ಬಂತು, ಕೀ ಕೊಡದಿದ್ರೆ ನಿಂತುಹೋಗುತ್ತೆ."

"ಆಗಲೇ ನಾನೇನು ಹೇಳಿದೆ? ಹೊರಗಿನವರು ಹತ್ತೋ ಹಾಗಿಲ್ಲ. ನನ್ನ ಕಣ್ಣೆದುರಿಗೇ ಹೋದರೆ ನಾನು ವರದಿ ಮಾಡಲೇಬೇಕಾಗುತ್ತೆ."

ಅವಳು ಹಿಡಿಯನ್ನು ಮೊಳೆಗೆ ಸಿಕ್ಕಿಸಿ ಮತ್ತೆ ಬೆಂಚಿಗೆ ಬಂದಳು.

ಅಜ್ಜಿಯ ಕಥೆಯಲ್ಲಿ ರಾಕ್ಷಸನ ಪ್ರಾಣ ಏಳು ಸಮುದ್ರದಾಚೆಯ ಗಿಳಿಯಲ್ಲಿದ್ದರೆ, ಈ ಕಚೇರಿಯದು ಅಂಗಳದಾಚೆಯ ಗೋಪುರದಲ್ಲಿತ್ತು. ಐದು ಹೊಡೆಯದೆ ಹಾಜರಿ ಪುಸ್ತಕ ಮುಚ್ಚುವಂತಿಲ್ಲ, ಯಾರೂ ಏಳುವಂತಿಲ್ಲ ಎಂಬ ನಿಯಮ ಗೋಡೆಯ ಮೇಲೆ ಚೌಕಟ್ಟಿನಲ್ಲಿತ್ತು. ಗುಮಾಸ್ತರು ಚೀಲ ತೊಡೆಯ ಮೇಲಿಟ್ಟುಕೊಂಡು ಕುಳಿತರು. ಕುಳಿತೇ ಇದ್ದರು. ಗೋಪುರದ ಪಾರಿವಾಳಗಳು ಗೂಡು ಸೇರಿದವು. ಎಲ್ಲರ ಮೊಬೈಲಿನಲ್ಲೂ ಆರೂವರೆ ದಾಟಿತ್ತು. ಗಡಿಯಾರದ ಮುಳ್ಳು ಮಾತ್ರ ಐದಕ್ಕೆ ಹತ್ತು ನಿಮಿಷವಿದೆ ಎನ್ನುತ್ತ ನಿಂತುಬಿಟ್ಟಿತ್ತು.

"ಬಾಗಿಲು ಹಾಕ್ಲಾ ಸಾರ್?" ಜವಾನ ಕೇಳಿದ.

"ಐದಾಗದೆ ಹೇಗಯ್ಯ ಹಾಕ್ತೀಯ? ಗಡಿಯಾರ ನಿಂತಿದೆ."

"ಅದು ನಿಂತು ಒಂಬತ್ತು ವರ್ಷ ಆಯ್ತಲ್ಲ ಸಾರ್," ಎಂದು ಜವಾನ ಕಡತವನ್ನು ನೋಡಿದ.

ಸೂಪರಿಂಟೆಂಡೆಂಟರು ಎದ್ದು ಬೆಂಚಿನ ಬಳಿಗೆ ಬಂದರು. ದನಿ ಮೆತ್ತಗಾಗಿತ್ತು. "ಒಂದ್ಸಲ ಹತ್ತಿ ಬಾ ತಾಯಿ. ಎಲ್ಲರಿಗೂ ಮನೆ ಇದೆ."

"ಅನುಭವ ಇರೋರು ಬೇಕಲ್ಲ ಸಾರ್," ಎಂದು ಅವಳು ಖಾಲಿ ಹಾಳೆ ಮುಂದೆ ಚಾಚಿದಳು.

ಅವರು ಬಹಳ ಹೊತ್ತು ಪೆನ್ನಿನ ತುದಿ ಕಚ್ಚಿದರು. ಆಮೇಲೆ, ಕಡತಕ್ಕೂ ನೋವಾಗದ ಹಾಗೆ, ದುಂಡಗೆ ಬರೆದರು: "ಸದರಿ ಸ್ಥಗಿತ ಗಡಿಯಾರಕ್ಕೆ ಒಂಬತ್ತು ವರ್ಷ ತಪ್ಪದೆ ಕೀ ಕೊಟ್ಟ ಅನುಭವ ಇವರಿಗಿದೆ."

ಸೀಲು ಬಿತ್ತು. ಅರ್ಜಿ ಬಂದ ಸಮಯ ನಮೂದಿಸಬೇಕಾಗಿತ್ತು. ಜವಾನ ಕಿಟಕಿಯಿಂದ ಬಗ್ಗಿ, ಕತ್ತಲಾಗುತ್ತಿದ್ದ ಗೋಪುರದ ಮೇಲೆ ಟಾರ್ಚು ಬಿಟ್ಟ.

"ನಾಲ್ಕು ಐವತ್ತು ಸಾರ್. ಬರ್ಕೊಳ್ಳಿ, ಇನ್ನೂ ಹತ್ತು ನಿಮಿಷ ಇದೆ."