ಶ್ರುತಿ ತಪ್ಪದ ಮನುಷ್ಯ

ನೀರು ಕುಡಿದು ಸತ್ತ ಮೊಬೈಲನ್ನು ಐಸಮ್ಮ ಚಿತ್ತರಂಜನನ ಕೀಬೋರ್ಡಿನ ಮೇಲೆಯೇ ಇಟ್ಟರು. "ಬಾವಿಗೆ ಬಿತ್ತು ಸಾರ್. ಜಾಬಿರನ ಹಾಡು ಇದರಲ್ಲೇ ಇದ್ದದ್ದು. ನಿಮ್ಮಲ್ಲಿ ಉಂಟಲ್ಲ, ಮಗಳ ಫೋನಿಗೆ ಕಳಿಸಿ."

"ಇಷ್ಟೇಯಾ? ಕೂತ್ಕೊಳ್ಳಿ."

ಚಿತ್ತರಂಜನನೆಂದರೆ ನಲವತ್ತು ಸಾಕ್ಷ್ಯಚಿತ್ರ, ಹನ್ನೆರಡು ಕಥಾಚಿತ್ರಗಳಿಗೆ ಸಂಗೀತ ಕೊಟ್ಟವನು. ಅವನ ಪಿಟೀಲು ಕೇಳಿ ಪಣಂಬೂರು ಬಂದರಿನ ಕ್ರೇನುಗಳು ಅತ್ತೂ ಅತ್ತೂ ತುಕ್ಕು ಹಿಡಿದಿವೆ. ಮೈಲುಗಟ್ಟಲೆ ದೂರದ ಬೈಕಂಪಾಡಿಯ ಕಾರ್ಖಾನೆಯಲ್ಲಿ ಸ್ಪಾನರ್ ಬಿದ್ದರೆ ತೊಕ್ಕೊಟ್ಟಿನ ಸ್ಟುಡಿಯೋದಲ್ಲಿ ಕೂತೇ ಅದು ಯಾವ ಸ್ವರ ಎಂದು ಹೇಳುತ್ತಾನೆ. ನಂಬದವರು ಬೀಳಿಸಿ ನೋಡಬಹುದು. ತೊಟ್ಟಿಲಲ್ಲಿ ಅತ್ತದ್ದೂ ಶ್ರುತಿಯಲ್ಲೇ.

ಜಾಬಿರ್ ಐಸಮ್ಮನ ಒಬ್ಬನೇ ಮಗ. ಕಳೆದ ವರ್ಷ ಗೋದಾಮೊಂದರಲ್ಲಿ ಮೂಟೆಗಳ ಅಟ್ಟಿ ಕುಸಿದು ಸತ್ತ; ಅವನ ಫೋನೂ ಜೊತೆಗೇ ಪುಡಿಯಾಯಿತು. ಆ ಬೆಳಿಗ್ಗೆ ಉಮ್ಮನನ್ನು ರೇಗಿಸಲು ಮಗನನ್ನು 'ಮೋನೆ' ಎಂದು ಕರೆಯುವ ಅವರದೇ ಜೋಗುಳವನ್ನು ಹಾಡಿ ವಾಟ್ಸಾಪಿನಲ್ಲಿ ಕಳಿಸಿದ್ದ. ಹಮಾಲರ ಬಗ್ಗೆ ಸಾಕ್ಷ್ಯಚಿತ್ರ ಮಾಡಿದ ಸಂಚಿತಾ ಅದನ್ನು ಚಿತ್ತರಂಜನನಿಗೆ ಕೊಡಿಸಿದ್ದಳು.

ಚಿತ್ತರಂಜನ ಗುಂಡಿ ಒತ್ತಿದ. ಹನ್ನೆರಡು ಪಿಟೀಲುಗಳ ನಡುವಿನಿಂದ ಜೋಗುಳ ಎದ್ದು ಬಂತು. "ಇದಕ್ಕೆ ಕೊಚ್ಚಿಯಲ್ಲಿ ಸಾವಿರ ಜನ ಅತ್ತಿದ್ದಾರೆ. ಆ ಥಿಯೇಟರಿನ ಸೀಟು ಇನ್ನೂ ಒಣಗಿಲ್ಲ."

ಐಸಮ್ಮ ಕೊನೆಯವರೆಗೂ ಕೇಳಿದರು. "ಚಂದ ಉಂಟು. ಯಾರು ಹಾಡಿದ್ದು?"

"ಯಾರು ಅಂದರೆ? ಜಾಬಿರ್!"

"ಅಲ್ಲ ಸಾರ್. ಅವನಿಗೆಲ್ಲಿ ಹಾಡ್ಲಿಕ್ಕೆ ಬರ್ತದೆ? 'ಮೋನೆ' ಅಂತ ಮೇಲೆ ಹೋಗುವಲ್ಲಿ ಸ್ವರ ಒಡೀತದೆ, ಆಗದೆ ನಗ್ತಾನೆ. ಆ ನಗೆ ಎಲ್ಲಿ?"

"ಅದು... ಶ್ರುತಿ ತಪ್ಪಿತ್ತು, ಕಂಪ್ಯೂಟರಿನಲ್ಲಿ ಸರಿ ಮಾಡಿದೆ. ನಗು ತಾಳಕ್ಕೆ ಅಡ್ಡ ಬರ್ತಿತ್ತು, ತೆಗೆದೆ."

"ಸರಿ ಮಾಡುವ ಮೊದಲಿನದ್ದು ಕೊಡಿ."

ಚಿತ್ತರಂಜನನದೊಂದು ಪ್ರಸಿದ್ಧ ಶಿಸ್ತು: ಚಿತ್ರ ಮುಗಿದ ದಿನವೇ, ಆಟ ಮುಗಿದ ಮೇಲೆ ವೇಷಧಾರಿ ಬಣ್ಣ ಒರೆಸುವ ಹಾಗೆ, ತಿದ್ದುವ ಮೊದಲಿನ ಹಸಿ ಧ್ವನಿಗಳನ್ನೆಲ್ಲ ಅಳಿಸಿಬಿಡುವುದು. ತನ್ನ ಡಿಸ್ಕಿನಲ್ಲಿ ಒಂದೇ ಒಂದು ಅಪಸ್ವರ ಇಲ್ಲವೆಂದು ಸಿಕ್ಕ ಸಂದರ್ಶನದಲ್ಲೆಲ್ಲ ಕೊಚ್ಚಿಕೊಂಡಿದ್ದ.

"ಸಂಚಿತಾ ಹತ್ತಿರ..."

"ಮೊದಲು ಅಲ್ಲಿಗೇ ಹೋದದ್ದು. ಫೋನಿನಿಂದ ನೇರ ನಿಮ್ಮ ಮಿಷನಿಗೇ ಹಾಕಿದ್ದಂತೆ."

ಚಿತ್ತರಂಜನ ಡಿಸ್ಕು ತೆರೆದು ಹುಡುಕಿದ. ಕ್ರೇನುಗಳನ್ನು ಅಳಿಸಿದವನು, "ಅಳಿಸಿಬಿಟ್ಟಿದ್ದೇನೆ," ಎಂದ.

"ಹಾಗಾದರೆ ನೀವೇ ಹಾಡಿ," ಎಂದರು ಐಸಮ್ಮ. "ಅವನು ಹಾಡಿದ್ದನ್ನು ಕೇಳಿದವರಲ್ವಾ ನೀವು? ಅವನ ಹಾಗೆಯೇ ಕೆಡಿಸಿ ಹಾಡಿ. ಒಂದೇ ಸಲ."

ಅವನು ಹಾಡಿದ. 'ಮೋನೆ' ಬಂದಾಗ ಗಂಟಲು ಬಿಗಿದು ಸ್ವರ ಒಡೆಯಲು ನೋಡಿದ. ಅದು ನೆಟ್ಟಗೆ ಹೋಗಿ ತನ್ನ ಜಾಗದಲ್ಲಿ ಕೂತಿತು. ಮತ್ತೆ ಹಾಡಿದ. ಏಸಿ ಕೋಣೆಯಲ್ಲಿ ಅಂಗಿ ಬೆನ್ನಿಗೆ ಅಂಟಿತು. ನಗಲು ನೋಡಿದ, ಅದೂ ತಾಳಕ್ಕೇ ಬಂತು.

ಐಸಮ್ಮ ಕಣ್ಣು ಮುಚ್ಚಿಯೇ ತಲೆಯಾಡಿಸಿದರು.

"ಇಲ್ಲ ಸಾರ್. ಸರಿಯಾಗಿಯೇ ಬರ್ತಾ ಉಂಟು."