ಕಾಡಿಗಿ ತೆನಿ

"ಕಾಡಿಗಿ ಅಲ್ರಿ ಯಮ್ಮಾ, ಬೀಜಕ ಅನ್ರಿ," ಎಂದು ಚಂದಮ್ಮ ತಿದ್ದಿದಾಗ ಅಂಗಳದಲ್ಲಿ ಕೂತಿದ್ದ ಹೆಂಗಸರೆಲ್ಲ ನಕ್ಕರು. ಬಸ್ಸಮ್ಮ ಮಾತ್ರ ನಗಲಿಲ್ಲ. ಅಂಗಳ ಅವಳದು, ತಿದ್ದಿಸಿಕೊಂಡ ಮಾತೂ ಅವಳದೇ. ಜೋಳದ ತೆನೆಗೆ ಹತ್ತುವ ರೋಗದ ಕರಿ ಪುಡಿಗೆ ಊರವರು ಕಾಡಿಗಿ ಎನ್ನುತ್ತಿದ್ದರು, ಬೀಜಕ ಎಂಬುದು ಸರಕಾರಿ ಮಾತು.

ಚಂದಮ್ಮ ಶಹಾಪುರದ ಬ್ಲಾಕ್ ಆಫೀಸಿನ ಗ್ರಾಮಸೇವಿಕೆ. ಕೆಲಸಕ್ಕೆ ಸೇರಿ ಎರಡು ತಿಂಗಳು. ಹತ್ತು ಜನರ ಮುಂದೆ ಬಾಯಿ ಬಿಟ್ಟದ್ದು ಇದೇ ಮೊದಲು. ಕೈಯಲ್ಲಿ ಎರಡು ಪುಟದ ಕರಪತ್ರ. ಅಲ್ಲಿಯವರೆಗೆ ಉರ್ದುವಿನಲ್ಲಿ ಬರುತ್ತಿದ್ದದ್ದು, ಆ ಸೀಮೆ ಮೈಸೂರು ರಾಜ್ಯಕ್ಕೆ ಸೇರಿದ ಮೇಲೆ ಕನ್ನಡದಲ್ಲಿ ಬಂದಿತ್ತು. ಶಿರವಾಳಕ್ಕೆ ಬರುವ ದಾರಿಯುದ್ದಕ್ಕೂ ಬಂಡಿಯಲ್ಲಿ ಕೂತು ಮೊದಲ ಪುಟವನ್ನು ಬಾಯಿಪಾಠ ಮಾಡಿದ್ದಳು.

"ನಿಜಾಮನ ಕಾಲದಾಗ ಉರ್ದುದಾಗ ಹೇಳಿದ್ರು, ತಿಳೀಲಿಲ್ಲ. ಈಗ ಕನ್ನಡದಾಗ ಹೇಳಾಕತ್ತಾರ, ಅದೂ ತಿಳೀವಲ್ದು," ಎಂದಳು ಪಕ್ಕದ ಮನೆಯ ಸುಗಲಮ್ಮ. ಮತ್ತೆ ನಗು. ಚಂದಮ್ಮನ ಕಿವಿ ಬಿಸಿಯಾದವು. ನಾಚಿಕೆಯಾದಷ್ಟೂ ಅವಳ ದನಿ ಗಡುಸಾಗುತ್ತಿತ್ತು. "ಎಲ್ಲಾರೂ ಅನ್ರಿ, ಬೀಜಕ." ಎಲ್ಲರೂ ಅಂದರು. "ಇದು ಬರೇ ಕರಿ ಪುಡಿ ಅಲ್ರಿ. ಇದಕ್ಕ ಜೀವ ಐತಿ. ಒಂದೊಂದು ಕಣ ಕಣ್ಣಿಗಿ ಕಾಣಂಗಿಲ್ಲ. ಹಾರಿ ಹೋಗಿ ಒಳ್ಳೆ ಕಾಳಿನ ಮ್ಯಾಲ ಕುಂಡರತೈತಿ. ಆ ಕಾಳು ಬಿತ್ತಿದ್ರ ಅದರ ಸಂಗಾಟ ತಾನೂ ಬೆಳಿತೈತಿ. ಮುಂದ ತೆನ್ಯಾಗ ಕಾಳು ಇರಬೇಕಾದಲ್ಲಿ ಇದ ತುಂಬಿರತೈತಿ. ನೋಡ್ರಿಲ್ಲೆ."

ಚೀಲದಿಂದ ರೋಗದ ಜೋಳದ ತೆನೆಯೊಂದನ್ನು ತೆಗೆದು, ಎಲ್ಲರಿಗೂ ಕಾಣಲೆಂದು ಎತ್ತಿ ಹಿಡಿದು, ಅಂಗೈಯಲ್ಲಿ ತಿಕ್ಕಿದಳು. ಕರಿಯ ಪುಡಿ ಹೊಗೆಯ ಹಾಗೆ ಎದ್ದಿತು.

ಅವಳ ಬೆನ್ನ ಹಿಂದೆಯೇ ಕೌದಿಯ ಮೇಲೆ ಬಿತ್ತುವ ಜೋಳ ಬಿಸಿಲಿಗೆ ಬಿದ್ದಿತ್ತು. ಕುಡುಗೋಲು ಹೊಲಕ್ಕೆ ಇಳಿಯುವ ಮೊದಲೇ ಬಸ್ಸಮ್ಮ ಒಬ್ಬಳೇ ಸಾಲು ಸಾಲು ತಿರುಗಿ, ಮನಸ್ಸಿಗೆ ಬಂದ ತೆನೆಗೆ ಕೆಂಪು ದಾರ ಕಟ್ಟಿ ಬರುತ್ತಿದ್ದಳು. ಆ ತೆನೆಗಳಿಗೆ ಬಡಿಗೆ ತಾಗಿಸುತ್ತಿರಲಿಲ್ಲ, ಕೈಯಲ್ಲೇ ಉದುರಿಸುತ್ತಿದ್ದಳು. ಓಣಿಯ ಆರು ಮನೆಗಳ ಹೊಲಕ್ಕೆ ಬೀಜ ಹೋಗುತ್ತಿದ್ದದ್ದು ಆ ಕೌದಿಯಿಂದಲೇ.

"ಅಕ್ಕೋರ," ಎಂದಳು ಬಸ್ಸಮ್ಮ ಮೆಲ್ಲಗೆ. "ಈಗ ಹಾರಿದ್ದು ಎಲ್ಲಿ ಹೋಗಿ ಕುಂತಿತ್ರಿ?"

ಚಂದಮ್ಮ ತಿರುಗಿ ನೋಡಿದಳು. ಜೋಳ ಮುತ್ತಿನ ಹಾಗೆ ಬೆಳ್ಳಗೆ ಹೊಳೆಯುತ್ತಿತ್ತು. ಏನೂ ಕಾಣುತ್ತಿರಲಿಲ್ಲ.

"ಗಾಳಿ ಓಣಿ ಕಡಿ ಐತ್ರಿ. ಆ ಕಡಿ ಹೋತು."

ಬಸ್ಸಮ್ಮನ ಸೆರಗಿನ ತುದಿ ಕೌದಿಯ ಕಡೆಗೇ ಹಾರುತ್ತಿತ್ತು. ಅದನ್ನು ಇಬ್ಬರೂ ನೋಡಿದರು. ಹೊತ್ತಾಯಿತೆಂದು ಚಂದಮ್ಮ ಕರಪತ್ರ ಮಡಚಿಕೊಂಡು ಎದ್ದುಬಿಟ್ಟಳು.

ಎರಡನೆಯ ಪುಟ ನೆನಪಾದದ್ದು ಬಂಡಿ ಊರು ದಾಟಿದ ಮೇಲೆ. 'ಬಿತ್ತುವ ಮುನ್ನ ಬೀಜಕ್ಕೆ ಗಂಧಕದ ಪುಡಿ ಸವರಿದರೆ ಬೀಜಕ ಸಾಯುತ್ತದೆ.' ಅವಳು ಹೇಳಲು ಹೋಗಿದ್ದದ್ದೇ ಅದು. ಬಂಡಿ ತಿರುಗಿಸು ಅನ್ನಬಹುದಿತ್ತು. ಯಾವ ಮುಖ ಇಟ್ಟುಕೊಂಡು ಅನ್ನುವುದು?

ನಾಲ್ಕನೆಯ ದಿನ ಗಂಧಕದ ಪೊಟ್ಟಣ ಹಿಡಿದು ಬಂದಾಗ ಬಾಗಿಲಿಗೇ ಬೀಸುವ ಕಲ್ಲಿನ ಸಪ್ಪಳ ಕೇಳಿಸಿತು. ಬಸ್ಸಮ್ಮ ಒಬ್ಬಳೇ ಬೀಸುತ್ತಿದ್ದಳು. ಒಗೆದ ಕೌದಿ ಗೋಡೆಯ ಮೇಲಿತ್ತು.

"ಬೀಜದ ಜ್ವಾಳ ಏನ್ರಿ ಯಮ್ಮಾ?"

"ಹೂಂ. ತೊಳದು ಒಣಗಿಸೀನಿ. ಬಿತ್ತಾಕಂತೂ ಬರಂಗಿಲ್ಲ, ಉಣ್ಣಾಕರ ಬರಲಿ."

ಚಂದಮ್ಮ ನಿಂತಲ್ಲೇ ಎಲ್ಲವನ್ನೂ ಹೇಳಿದಳು. ಗಾಳಿ ಓಣಿಯ ಕಡೆ ಇರಲಿಲ್ಲ. ಈ ಪುಡಿ ಸವರಿದ್ದರೆ ಸಾಕಿತ್ತು. ಅವತ್ತೇ ಹೇಳಬೇಕಿತ್ತು. ಬಸ್ಸಮ್ಮ ಪೊಟ್ಟಣ ಬಿಚ್ಚಿ, ಹಳದಿ ಪುಡಿಯನ್ನು ಮೂಸಿ ನೋಡಿ, ಮತ್ತೆ ಕಟ್ಟಿ ಗೋಡೆಯ ಮಾಡದಲ್ಲಿಟ್ಟಳು.

"ಬರೂ ವರ್ಷಕ್ಕ ಆಗತೈತಿ ಬಿಡವ್ವಾ. ಕಾಣಲಾರದ್ದು ಹೋಗಿ ಕುಂಡರತೈತಿ ಅಂದ್ಯಲ್ಲ, ಅದನ್ನ ನಾ ನಂಬಿದೆ. ಓಣ್ಯಾಗಿನವರು ನಿನ್ನ ಗಾಳಿ ಮಾತು ನಂಬ್ಯಾರ. ಅದ ಬೀಜ ಕೊಡು, ಅಕ್ಕೋರು ಸುಳ್ಳು ಹೇಳತಾರೇನು ಅಂತ ಬಂದು ಕುಂತ್ರು."

"ನೀವೇನಂದ್ರಿ?"

"ಹೌದು, ಸುಳ್ಳು ಹೇಳ್ಯಾಳ ಅನ್ನಾಕ ಬಾಯಿ ಬರಲಿಲ್ಲ. ನನ್ನ ಬೀಜಕ್ಕ ಹುಳಾ ಬಿದ್ದಾವ ಅಂದೆ."

ಅಷ್ಟರಲ್ಲಿ ಕೊಡ ಹೊತ್ತು ಹೊರಟಿದ್ದ ಸುಗಲಮ್ಮ ಬಾಗಿಲಲ್ಲಿ ನಿಂತು ಇಣುಕಿದಳು. "ಹುಳಾ ಬಿದ್ದ ಜ್ವಾಳಂತ! ಹಿಟ್ಟು ನೋಡು, ಹಾಲು ಇದ್ದಂಗೈತಿ. ಕೊಡಾಕ ಮನಸಿಲ್ಲ ಅಂತ ಸೀದಾ ಅನ್ನಬಾರದೇನ ಬಸ್ಸಮ್ಮಾ? ಹೇಳ್ರಿ ಅಕ್ಕೋರ, ಇದು ಹುಳಾ ಬಿದ್ದ ಜ್ವಾಳ ಏನ್ರಿ?"

ಬಸ್ಸಮ್ಮ ತಲೆ ಎತ್ತಲಿಲ್ಲ. ಕಲ್ಲು ತಿರುಗುತ್ತಲೇ ಇತ್ತು. ಸುಗಲಮ್ಮ ಮೂಗು ಮುರಿದು ಹೊರಟುಹೋಗುವ ತನಕ ಚಂದಮ್ಮ ನೆಲದ ಮೇಲಿನ ಹಿಟ್ಟನ್ನೇ ನೋಡುತ್ತ ನಿಂತಿದ್ದಳು. ಹುಡುಕಿದರೂ ಒಂದು ಕರಿ ಚುಕ್ಕೆ ಇರಲಿಲ್ಲ.

"ಕುಂಡರವ್ವಾ," ಎಂದಳು ಬಸ್ಸಮ್ಮ, ಹಿಟ್ಟು ಬಳಿದುಕೊಳ್ಳುತ್ತ. "ರೊಟ್ಟಿ ಉಂಡು ಹೋಗು. ಬಿತ್ತೂ ಜ್ವಾಳದ ರೊಟ್ಟಿ ಯಾರೂ ಉಂಡಿರಂಗಿಲ್ಲ."